ಒಂದು ಒಲೆಯಿಂದ ಎರಡನೆಯ ಒಲೆಗೆ



ಬ್ಯಾಡಗಿಯಲ್ಲಿ ಒಂದು ಸಂಘದ ಸಭೆ ಮುಗಿಸಿ ಚಹಾ ಕುಡಿಯುತ್ತಾ ಕುಳಿತಾಗ ಒಬ್ಬ ಸದಸ್ಯೆ ಕೇಳಿದರು: “ಸಿಸ್ಟರ್, ಮೆಣಸಿನಕಾಯಿ ತೊಟ್ಟು ಬಿಡಿಸಿ ಬಿಡಿಸಿ ಕೈ ಉರೀತಾವ. ನಾವು ನಾಲ್ಕು ಮಂದಿ ಕೂಡಿ ಹೋಟೆಲ್ ಹಾಕಿದ್ರ ಹೆಂಗ? ಪೇಪರಿನಾಗ ಫ್ರಾಂಚೈಸಿ ಅಂತ ಬರ್ತದಲ್ರಿ, ಅದನ್ನ ತಗೋಬೇಕೋ, ನಮ್ಮದ ಹೆಸರು ಇಟ್ಕೋಬೇಕೋ?” ಪಕ್ಕದಲ್ಲಿದ್ದವರು, “ಅದೆಲ್ಲ ರೊಕ್ಕ ಇದ್ದವರ ಕೆಲಸ, ಸುಮ್ಮನಿರ” ಎಂದು ನಕ್ಕುಬಿಟ್ಟರು. ನಾನು ನಗಲಿಲ್ಲ. ಉತ್ತರವನ್ನೂ ಕೂಡಲೇ ಕೊಡಲು ಆಗಲಿಲ್ಲ. ಹೋಟೆಲ್ ಕೆಲಸದಿಂದಲೇ ಮೇಲೆ ಬಂದ ಇಬ್ಬರು ಮಹಿಳೆಯರ ವಿಷಯ ತಿಳಿಸಿ, ಆಮೇಲೆ ಆ ಪ್ರಶ್ನೆಗೆ ಬರೋಣ.

ಮೊದಲನೆಯವರು ನಮ್ಮ ರಾಜ್ಯದವರೇ. ಹಾಸನ ಮೂಲದ ಶಿಲ್ಪಾ. 2005ರಲ್ಲಿ ಮದುವೆಯಾಗಿ ಮಂಗಳೂರಿಗೆ ಬಂದರು. 2008ರಲ್ಲಿ ಬೆಂಗಳೂರಿಗೆ ಹೋಗಿಬರುತ್ತೇನೆಂದು ಹೊರಟ ಗಂಡ ಮರಳಿ ಬರಲಿಲ್ಲ. ಮಡಿಲಲ್ಲಿ ಮೂರು ವರ್ಷದ ಮಗ. ಸಣ್ಣಪುಟ್ಟ ಸಂಬಳದ ಕೆಲಸ ಮಾಡಿ ನೋಡಿದರು, ಸಾಲಲಿಲ್ಲ. ಅವರಿಗೆ ಚೆನ್ನಾಗಿ ಗೊತ್ತಿದ್ದದ್ದು ಅಡುಗೆ. ಮಂಗಳೂರಿನಲ್ಲಿ ಮೀನು, ನೀರುದೋಸೆ ಎಲ್ಲೆಂದರಲ್ಲಿ ಸಿಗುತ್ತದೆ. ನಮ್ಮ ಕಡೆಯ ಜೋಳದ ರೊಟ್ಟಿ ಸಿಗುವುದು ಅಪರೂಪ. ನಮ್ಮೂರಿನ ಎಷ್ಟು ಹುಡುಗರು ಅಲ್ಲಿ ಓದಲಿಕ್ಕೆ, ದುಡಿಯಲಿಕ್ಕೆ ಹೋಗಿದ್ದಾರೆ, ನಿಮಗೇ ಗೊತ್ತು! ಊರಿನ ಈ ಕೊರತೆಯನ್ನು ಶಿಲ್ಪಾ ಕಂಡುಕೊಂಡರು.

ಅಂಗಡಿ ಬಾಡಿಗೆ, ಮುಂಗಡ ಕೊಡುವ ಶಕ್ತಿ ಇರಲಿಲ್ಲ. ಮಗನ ಓದಿಗೆಂದು ಇಟ್ಟಿದ್ದ ಒಂದು ಲಕ್ಷ ರೂಪಾಯಿ ಮುಂದಿಟ್ಟು, ಉಳಿದದ್ದಕ್ಕೆ ಸಾಲ ಮಾಡಿ ಮಹೀಂದ್ರ ಬೊಲೆರೊ ಪಿಕಪ್ ತೆಗೆದುಕೊಂಡು ಅದರಲ್ಲೇ ಅಡುಗೆಮನೆ ಮಾಡಿದರು. 2015ರಲ್ಲಿ ಮಣ್ಣಗುಡ್ಡೆಯ ಗಾಂಧಿನಗರದಲ್ಲಿ ‘ಹಳ್ಳಿಮನೆ ರೊಟ್ಟೀಸ್’ ಶುರುವಾಯಿತು. ಜೋಳದ ರೊಟ್ಟಿ, ರಾಗಿ ರೊಟ್ಟಿ, ಅಕ್ಕಿ ರೊಟ್ಟಿ. ತಮ್ಮ ಕೈಜೋಡಿಸಿದ. ಮಗನ ಓದಿನ ಹಣ ಮುಟ್ಟುವುದು ಸುಲಭದ ಮಾತಲ್ಲ. ನಮ್ಮ ಸಂಘದಲ್ಲಿ ಯಾರಾದರೂ ಹಾಗೆ ಮಾಡುತ್ತೇನೆ ಎಂದರೆ ನಾನೇ ಬೇಡ ಎನ್ನುತ್ತಿದ್ದೆನೋ ಏನೋ. ಆದರೆ ಅವರು ಕಣ್ಣು ಮುಚ್ಚಿ ಹಾಕಿದ ಹಣ ಅದಲ್ಲ. ತಿನ್ನುವವರು ಯಾರು, ಅವರಿಗೆ ಏನು ಸಿಗುತ್ತಿಲ್ಲ ಎಂಬುದನ್ನು ಮೊದಲೇ ನೋಡಿಕೊಂಡಿದ್ದರು.

2018ರ ಜನವರಿಯಲ್ಲಿ ಪತ್ರಿಕೆಯಲ್ಲಿ ಈ ಸಂಗತಿ ಓದಿದ ಉದ್ಯಮಿ ಆನಂದ್ ಮಹೀಂದ್ರ, ಎರಡನೆಯ ಅಂಗಡಿ ತೆರೆಯುವ ಯೋಚನೆ ಇದ್ದರೆ ಅದಕ್ಕೊಂದು ಬೊಲೆರೊ ಕೊಟ್ಟು ಬಂಡವಾಳ ಹಾಕುತ್ತೇನೆ ಎಂದರು. ಇದು ದಾನವಲ್ಲ, ಆಕೆ ತನ್ನ ಬಲದಿಂದಲೇ ಗೆದ್ದ ಉದ್ಯಮಿ ಎಂದೂ ಸ್ಪಷ್ಟಪಡಿಸಿದರು. ಈ ಮಾತು ನನಗೆ ಬಹಳ ಹಿಡಿಸಿತು. ಸಾಲಕ್ಕೆ ಬ್ಯಾಂಕಿಗೆ ಹೋದಾಗ ನಾವು ಭಿಕ್ಷೆಗೆ ಬಂದವರ ಹಾಗೆ ಬಾಗಿಲಲ್ಲೇ ನಿಲ್ಲುತ್ತೇವಲ್ಲ, ಅದನ್ನು ಬಿಡಬೇಕು.

ಇನ್ನೊಬ್ಬರು ಪಕ್ಕದ ತಮಿಳುನಾಡಿನವರು, ಪ್ಯಾಟ್ರಿಷಿಯಾ ನಾರಾಯಣ್. ನಾಗರಕೋಯಿಲಿನ ಕ್ರೈಸ್ತ ಕುಟುಂಬದ ಮಗಳು. ಚಿಕ್ಕ ವಯಸ್ಸಿನಲ್ಲೇ ಮನೆಯವರ ವಿರೋಧ ಕಟ್ಟಿಕೊಂಡು ಬೇರೆ ಧರ್ಮದವರನ್ನು ಮದುವೆಯಾದರು. ಗಂಡ ಕುಡಿತಕ್ಕೂ ಮಾದಕ ವಸ್ತುವಿಗೂ ಬಿದ್ದವರು. ಹೊಡೆತ ತಿಂದು, ಎರಡು ಮಕ್ಕಳನ್ನು ಕಟ್ಟಿಕೊಂಡು ತವರಿಗೆ ಬಂದರು. ಉಪ್ಪಿನಕಾಯಿ, ಜಾಮ್, ಸ್ಕ್ವಾಷ್ ಮಾಡಿದರು. ಸರ್ಕಾರಿ ಕಚೇರಿಯಲ್ಲಿದ್ದ ತಾಯಿ ಅದನ್ನು ಅಲ್ಲಿಗೆ ಒಯ್ದು ಮಾರಿಕೊಟ್ಟರು. ಮಾಡಿದ್ದೆಲ್ಲ ಖರ್ಚಾಯಿತು.

ಆಮೇಲೆ ಅಂಗವಿಕಲರ ಶಾಲೆ ನಡೆಸುತ್ತಿದ್ದವರೊಬ್ಬರು ತಳ್ಳುಗಾಡಿ ಕೊಡಲು ಮುಂದೆ ಬಂದರು. ಷರತ್ತು ಒಂದೇ: ಇಬ್ಬರು ಅಂಗವಿಕಲರಿಗೆ ಕೆಲಸ ಕೊಡಬೇಕು. ಪ್ಯಾಟ್ರಿಷಿಯಾ ಒಪ್ಪಿದರು, ಅವರಿಗೆ ಚಹಾ ಕಾಫಿ ಮಾಡುವುದನ್ನು ಕಲಿಸಿದರು. ಮರೀನಾ ಬೀಚಿನಲ್ಲಿ ಗಾಡಿ ನಿಲ್ಲಿಸಲು ಪರವಾನಗಿಗೆ ಒಂದು ವರ್ಷ ಓಡಾಡಿದರು. 1982ರಲ್ಲಿ ಗಾಡಿ ನಿಂತಿತು. ಮೊದಲ ದಿನದ ವ್ಯಾಪಾರ ಎಷ್ಟು ಗೊತ್ತೇ? ಒಂದು ಕಪ್ ಕಾಫಿ, 50 ಪೈಸೆ! ಮನೆಗೆ ಬಂದು ಅತ್ತರಂತೆ. ಒಂದಾದರೂ ಹೋಯಿತಲ್ಲ ಎಂದು ತಾಯಿ ಸಮಾಧಾನ ಮಾಡಿದರು. ಮಾರನೆಯ ದಿನ ವ್ಯಾಪಾರ ಆರುನೂರು ರೂಪಾಯಿ ದಾಟಿತು.

ಗಾಡಿಯಿಂದ ಕ್ಯಾಂಟೀನಿಗೆ ಹೋದದ್ದು ಇನ್ನೂ ವಿಚಿತ್ರ. ಗಂಡನೊಡನೆ ಜಗಳವಾದ ಒಂದು ದಿನ ಸಿಕ್ಕ ಬಸ್ ಹತ್ತಿ ಕೊನೆಯ ಸ್ಟಾಪಿನಲ್ಲಿ ಇಳಿದರು. ಎದುರಿಗೆ ಬಂದರು ನಿರ್ವಹಣೆ ಕಲಿಸುವ ರಾಷ್ಟ್ರೀಯ ಸಂಸ್ಥೆ. ಒಳಗೆ ಹೋಗಿ ವಿಚಾರಿಸಿದರೆ ಅವರಿಗೆ ಕ್ಯಾಂಟೀನ್ ನಡೆಸುವವರು ಬೇಕಾಗಿದ್ದರು. ಸುಮಾರು 700 ವಿದ್ಯಾರ್ಥಿಗಳಿಗೆ ಮೂರು ಹೊತ್ತಿನ ಊಟದ ಹೊಣೆ ಹೊತ್ತರು. ಇಷ್ಟಾದರೂ ಬೀಚಿನ ಗಾಡಿಯನ್ನು 2003ರವರೆಗೆ ಬಿಡಲಿಲ್ಲ. 1998ರಲ್ಲಿ ಸಂಗೀತಾ ಹೋಟೆಲ್ ಸಮೂಹದ ನೆಲ್ಸನ್ ಮಾಣಿಕ್ಕಂ ರಸ್ತೆಯ ಶಾಖೆಯಲ್ಲಿ ಪಾಲುದಾರರಾದರು.

ಇಲ್ಲಿ ಸ್ವಲ್ಪ ನಿಲ್ಲೋಣ. ಸಂಗೀತಾ ಎಂಬ ಹೆಸರು ಅವರದಲ್ಲ. ಬೇರೆಯವರ ಹೆಸರಿನ ಕೆಳಗೆ ದೊಡ್ಡ ಹೋಟೆಲಿನ ಕೆಲಸ ಒಳಗಿನಿಂದ ನೋಡಿಕೊಂಡರು. ಸ್ವಂತ ಹೆಸರಿನ ಹೋಟೆಲ್ ಬಂದದ್ದು ಎಂಟು ವರ್ಷದ ಮೇಲೆ. ಅದೂ ಸಂತೋಷದ ಕಾಲದಲ್ಲಿ ಅಲ್ಲ. 2004ರಲ್ಲಿ, ಮದುವೆಯಾಗಿ ಸ್ವಲ್ಪವೇ ದಿನವಾಗಿದ್ದ ಮಗಳು ಮತ್ತು ಅಳಿಯ ರಸ್ತೆ ಅಪಘಾತದಲ್ಲಿ ತೀರಿಕೊಂಡರು. ಶವಗಳನ್ನು ಒಯ್ಯಲು ಆಂಬುಲೆನ್ಸಿನವರು ಒಪ್ಪಲಿಲ್ಲ. ಯಾರೋ ಕಾರಿನ ಡಿಕ್ಕಿಯಲ್ಲಿ ಹಾಕಿಕೊಂಡು ಬಂದರು. ಆ ತಾಯಿಯ ಸ್ಥಿತಿ ನಾನು ಬರೆಯಬೇಕಿಲ್ಲ. ಅಪಘಾತವಾದ ಅಚ್ಚರಪಾಕ್ಕಂನಲ್ಲೇ ಅವರು ಆಂಬುಲೆನ್ಸ್ ಇರಿಸಿದರು: ಗಾಯಾಳು ಬದುಕಿರಲಿ, ಸತ್ತಿರಲಿ, ಒಯ್ಯಲೇಬೇಕು ಎಂಬ ನಿಯಮದಿಂದ. 2006ರಲ್ಲಿ ಮಗನೊಡನೆ ಸೇರಿ ಮಗಳ ನೆನಪಿಗೆ ‘ಸಂದೀಫಾ’ ಹೋಟೆಲ್ ತೆರೆದರು, ಅದು ಹಲವು ಶಾಖೆಗಳಾಗಿ ಬೆಳೆಯಿತು. 2010ರಲ್ಲಿ ಉದ್ಯಮಿಗಳ ಒಕ್ಕೂಟ ಫಿಕ್ಕಿ ಅವರಿಗೆ ವರ್ಷದ ಮಹಿಳಾ ಉದ್ಯಮಿ ಪ್ರಶಸ್ತಿ ಕೊಟ್ಟಿತು. ಇಬ್ಬರು ಕೆಲಸಗಾರರಿಂದ ಶುರುವಾದದ್ದು ಆ ಹೊತ್ತಿಗೆ ಇನ್ನೂರಕ್ಕೆ ತಲುಪಿತ್ತು.

ಶ್ರೀಮಂತರಾದ ಮೇಲೆ ದಾನ ಮಾಡಿದರು ಎಂದು ಪತ್ರಿಕೆಗಳು ಬರೆಯುತ್ತವೆ. ನನಗೆ ಹಾಗೆ ಅನಿಸುವುದಿಲ್ಲ. ಆ ಇಬ್ಬರು ಅಂಗವಿಕಲರಿಗೆ ಸಂಬಳ ಕೊಡಲು ಒಪ್ಪಿದಾಗ ಇನ್ನೂ ಒಂದು ಕಪ್ ಕಾಫಿಯೂ ಮಾರಾಟವಾಗಿರಲಿಲ್ಲ.

ಈಗ ಬ್ಯಾಡಗಿಯ ಪ್ರಶ್ನೆ. ಫ್ರಾಂಚೈಸಿ ಎಂದರೆ ಹೆಸರಾದ ಕಂಪನಿಯ ಬೋರ್ಡು, ರುಚಿ, ಪದ್ಧತಿ ಎರವಲು ತರುವುದು. ಮೊದಲು ಒಂದು ದೊಡ್ಡ ಮೊತ್ತ ಕಟ್ಟಬೇಕು. ಆಮೇಲೆ ತಿಂಗಳು ತಿಂಗಳು ವ್ಯಾಪಾರದಲ್ಲಿ ಇಂತಿಷ್ಟು ಶೇಕಡಾ ಕೊಡಬೇಕು. ಮಸಾಲೆ, ಸಾಮಾನು ಅವರು ಹೇಳಿದಲ್ಲೇ ಕೊಳ್ಳಬೇಕಾಗಬಹುದು. ಬ್ಯಾಡಗಿಯಲ್ಲಿ ಕುಳಿತು ಹೊರಗಿನ ಖಾರಪುಡಿ ಕೊಳ್ಳುವ ಪರಿಸ್ಥಿತಿ ಬಂದರೆ ಏನನ್ನಬೇಕು!

ಲೆಕ್ಕ ನೋಡಿರಿ. ಇದು ಉದಾಹರಣೆ ಮಾತ್ರ. ದಿನಕ್ಕೆ 3,000 ರೂಪಾಯಿ ವ್ಯಾಪಾರ, 26 ದಿನಕ್ಕೆ 78,000. ಕಿರಾಣಿ, ಕಾಯಿಪಲ್ಯ 39,000. ಬಾಡಿಗೆ 8,000. ಗ್ಯಾಸು, ಕರೆಂಟು 7,000. ಮೂವರಿಗೆ ತಲಾ 6,000ದಂತೆ ಕೂಲಿ 18,000. ಖರ್ಚು 72,000, ಉಳಿಯುವುದು 6,000. ಕಂಪನಿಗೆ ಶೇಕಡಾ 6 ಎಂದರೆ ಸಣ್ಣದು ಅನಿಸುತ್ತದೆ. ಆದರೆ ಅದು ಲಾಭದ ಮೇಲಲ್ಲ, 78,000ದ ಮೇಲೆ: 4,680. ಕೈಯಲ್ಲಿ ಉಳಿದದ್ದು 1,320. ಸಾಲದ ಕಂತು ಎಲ್ಲಿಂದ ಕಟ್ಟುತ್ತೀರಿ?

ಹಾಗೆಂದು ಫ್ರಾಂಚೈಸಿ ಕೆಟ್ಟದ್ದು ಎನ್ನುತ್ತಿಲ್ಲ. ಹೆಸರಿನಿಂದಾಗಿ ವ್ಯಾಪಾರ ಎರಡು ಪಟ್ಟಾದರೆ ಲೆಕ್ಕವೇ ಬೇರೆ. ಆದರೆ ಕಾಗದಕ್ಕೆ ಸಹಿ ಮಾಡುವ ಮುಂಚೆ ಅದೇ ಹೆಸರಿನ ಬೇರೆ ಊರಿನ ಅಂಗಡಿಗೆ ನೀವೇ ಹೋಗಿ, ಮಧ್ಯಾಹ್ನ ಎರಡು ತಾಸು ಕುಳಿತು ಎಷ್ಟು ಮಂದಿ ಬಂದರು ಎಂದು ಎಣಿಸಿರಿ. ನಡುವೆ ಬಿಟ್ಟರೆ ಕಟ್ಟಿದ ಹಣ ತಿರುಗಿ ಬರುತ್ತದೆಯೇ, ಪಕ್ಕದ ಓಣಿಯಲ್ಲೇ ಇನ್ನೊಬ್ಬರಿಗೆ ಅದೇ ಹೆಸರು ಕೊಡುತ್ತಾರೆಯೇ ಎಂದು ಕೇಳಿರಿ. ಕರಾರು ಇಂಗ್ಲಿಷಿನಲ್ಲಿದ್ದರೆ ಓದಿಸಿ ತಿಳಿದುಕೊಳ್ಳಿರಿ. ನಾನು ಕಂಡ ಒಂದು ಸಂಘ ಹೀಗೆ ಕೇಳದೆ ಹಣ ಕಟ್ಟಿ ಎರಡು ವರ್ಷ ಆ ಸಾಲ ತೀರಿಸಿತು. ಅಂಗಡಿ ಮುಚ್ಚಿ ಆಗಲೇ ಬಹಳ ದಿನವಾಗಿತ್ತು.

ಸ್ವಂತ ಹೆಸರಾದರೂ ಶಿಸ್ತು ಬೇಕು. ರಾಣೆಬೆನ್ನೂರಿನಲ್ಲಿ ಒಬ್ಬರ ಖಾನಾವಳಿಯ ರೊಟ್ಟಿ ಬಲು ಚಂದ. ಅವರಿಗೆ ಜ್ವರ ಬಂದ ದಿನ ಮಾತ್ರ ಬಾಗಿಲು ಮುಚ್ಚಿರುತ್ತದೆ. “ನನ್ನ ಕೈ ರುಚಿ ಮತ್ತೊಬ್ಬರಿಗೆ ಬರಾಂಗಿಲ್ರಿ” ಎನ್ನುತ್ತಾರೆ. ಹಿಟ್ಟೆಷ್ಟು, ಬಿಸಿನೀರೆಷ್ಟು, ಎಣ್ಣೆಗಾಯಿಗೆ ಶೇಂಗಾ ಎಷ್ಟು ಎಂದು ಅಳತೆ ಬರೆದಿಟ್ಟರೆ ಖಂಡಿತ ಬರುತ್ತದೆ. ಅಳತೆ ಬರೆಯದೆ ಎರಡನೆಯ ಒಲೆ ಹಚ್ಚಲಿಕ್ಕೆ ಆಗುವುದಿಲ್ಲ. ಮನೆಯವರ ಕೂಲಿಯನ್ನೂ ಖರ್ಚಿಗೆ ಹಿಡಿಯಿರಿ. ಅದನ್ನು ಬಿಟ್ಟರೆ ಪುಕ್ಕಟೆ ದುಡಿದದ್ದೇ ಲಾಭದ ಹಾಗೆ ಕಾಣಿಸುತ್ತದೆ. ಆಹಾರ ಸುರಕ್ಷತೆಯ ನೋಂದಣಿಯನ್ನು ಮೊದಲ ದಿನವೇ ಮಾಡಿಸಿರಿ, ಸಣ್ಣ ಗಾಡಿಗೂ ಅದು ಬೇಕು.

ಮುಂದಿನ ಸಭೆಗೆ ಬರುವಾಗ ಹಾವೇರಿ, ಬ್ಯಾಡಗಿ, ರಾಣೆಬೆನ್ನೂರಿನ ಪ್ರತಿ ಸಂಘವೂ ಒಂದು ಅಡುಗೆಯ ಅಳತೆ, ಒಂದು ತಿಂಗಳ ಖರ್ಚಿನ ಅಂದಾಜು ಬರೆದು ತರಬೇಕು. ಓಣಿಯಲ್ಲಿ ಕೆಲಸ ಸಿಗದೆ ಕುಳಿತ ಅಂಗವಿಕಲರೋ ವಿಧವೆಯರೋ ಇದ್ದರೆ ಅವರ ಕೂಲಿಯನ್ನೂ ಆ ಅಂದಾಜಿನಲ್ಲಿ ಸೇರಿಸಿ ನೋಡಿರಿ. ಕೂಡಿ ಕುಳಿತು ಲೆಕ್ಕ ಹಾಕೋಣ.