ಲಾವಣಿ ಮುಗಿದ ಮೇಲೆ ಹೊಲ ಯಾರದು?

ಯುಗಾದಿ ಸಮೀಪಿಸಿತೆಂದರೆ ಹಾವೇರಿ, ರಾಣೆಬೆನ್ನೂರು, ಬ್ಯಾಡಗಿ ಕಡೆಯ ಹಳ್ಳಿಗಳಲ್ಲಿ ಲಾವಣಿಯ ಲೆಕ್ಕ ಶುರುವಾಗುತ್ತದೆ. ಅದರ ಬೆನ್ನಿಗೇ ಜಗಳವೂ ಬರುತ್ತದೆ.

ಒಮ್ಮೆ ಜುಮಾ ನಮಾಝಿನ ಬಳಿಕ ಇಬ್ಬರು ನನ್ನ ಬಳಿ ಬಂದರು. ಒಬ್ಬರು ಹೊಲದ ಮಾಲೀಕರು. ಇನ್ನೊಬ್ಬರು ಅದನ್ನು ಮೂರು ವರ್ಷದ ಲಾವಣಿಗೆ ಮಾಡಿದವರು. ಅವಧಿ ಮುಗಿದಿತ್ತು. ಗಿಡದಲ್ಲಿ ಮೆಣಸಿನಕಾಯಿ ಇನ್ನೂ ಉಳಿದಿತ್ತು.

"ಮಗಳ ಮದುವೆ ಐತಿ, ಹೊಲ ಮಾರಬೇಕು. ನಾಳೆನ ಟ್ರ್ಯಾಕ್ಟರ್ ಹೊಡಸ್ತೀನಿ" ಎಂದರು ಮಾಲೀಕರು.

"ಸಾಲ ಮಾಡಿ ಗೊಬ್ಬರ ಹಾಕೀನಿ ಚಾಚಾ. ಇನ್ನೊಂದು ವರ್ಷ ಬಿಡೂದಿಲ್ಲ" ಎಂದರು ಇನ್ನೊಬ್ಬರು.

ಇಬ್ಬರ ಕಷ್ಟವೂ ನಿಜ. ಆದರೆ ಇಬ್ಬರೂ ಆಡಿದ ಮಾತು ಸರಿಯಲ್ಲ.

ಮಾಡಿದವರ ಹೊಣೆ

ಕರಾರುಗಳನ್ನು ಪೂರ್ಣಗೊಳಿಸಬೇಕೆಂದು ಪವಿತ್ರ ಕುರ್‌ಆನ್ (5:1) ವಿಶ್ವಾಸಿಗಳಿಗೆ ಆಜ್ಞಾಪಿಸುತ್ತದೆ. ಮೂರು ವರ್ಷವೆಂದು ಮಾತಾಗಿದ್ದರೆ ಮೂರೇ ವರ್ಷ. ಆ ಬಳಿಕ ಹೊಲ ನಮ್ಮ ಕೈಯಲ್ಲಿರುವ ಅಮಾನತು. ಅನ್ಯಾಯವಾಗಿ ಒಂದು ಗೇಣು ನೆಲ ಹಿಡಿದವನ ಕೊರಳಿಗೆ ನಾಳೆ ಏಳು ಭೂಮಿಗಳ ಭಾರ ಬೀಳುವುದೆಂದು ಪ್ರವಾದಿವರ್ಯರು(ಸ) ಎಚ್ಚರಿಸಿದ ಹದೀಸ್ ಬುಖಾರಿ, ಮುಸ್ಲಿಮ್ ಎರಡರಲ್ಲೂ ಇದೆ.

"ಉಳುವವನೇ ಒಡೆಯ" ಎಂಬ ಮಾತನ್ನು ಇಲ್ಲಿ ಎತ್ತುವವರಿದ್ದಾರೆ. ದೇವರಾಜ ಅರಸು ಸರಕಾರದ ತಿದ್ದುಪಡಿಯಿಂದ ಹಕ್ಕು ದೊರೆತದ್ದು 1974ರ ಮಾರ್ಚ್ 1ಕ್ಕೆ ಮೊದಲೇ ಗೇಣಿದಾರರಾಗಿದ್ದವರಿಗೆ. ಅದೇ ಕಾನೂನು ಆ ಬಳಿಕ ಕೃಷಿಭೂಮಿಯನ್ನು ಗೇಣಿಗೆ ಕೊಡುವುದನ್ನು, ಸೈನಿಕರು ಮತ್ತು ನಾವಿಕರನ್ನು ಬಿಟ್ಟು, ನಿಷೇಧಿಸಿತು. ಆದ್ದರಿಂದ ಇಂದಿನ ಬಾಯಿಮಾತಿನ ಲಾವಣಿ ಯಾರನ್ನೂ ಒಡೆಯನನ್ನಾಗಿ ಮಾಡುವುದಿಲ್ಲ. ಕಾನೂನು ಒಪ್ಪದ ವ್ಯವಹಾರಕ್ಕೆ ಇಳಿಯದಿರುವುದೇ ಲೇಸು. ಆದರೆ ನಿಷೇಧವನ್ನೇ ನೆಪಮಾಡಿ ಇನ್ನೊಬ್ಬರ ಬೆವರನ್ನು ನುಂಗುವುದು ಮಾಲೀಕರಿಗೂ ಹಲಾಲ್ ಆಗದು.

ಮಾಲೀಕರ ಹೊಣೆ

ಅವಧಿ ಮುಗಿದಾಗ ಬೆಳೆ ನಿಂತಿದ್ದರೆ ಏನು ಮಾಡಬೇಕು? ಹನಫೀ ಕರ್ಮಶಾಸ್ತ್ರದ ಪ್ರಸಿದ್ಧ ಗ್ರಂಥ 'ಹಿದಾಯ' ಇದಕ್ಕೆ ಉತ್ತರ ಕೊಡುತ್ತದೆ. ಬೆಳೆ ಕೈಗೆ ಬರುವ ತನಕ ಹೊಲ ಬಿಡಬೇಕು. ಆ ಹೆಚ್ಚಿನ ದಿನಗಳಿಗೆ ಊರಲ್ಲಿ ನಡೆಯುವ ದರದಂತೆ ಬಾಡಿಗೆ ಪಡೆಯಬೇಕು. ಮರ ನೆಟ್ಟಿದ್ದರೆ ಮಾತು ಬೇರೆ. ಬೆಳೆಗೆ ಒಂದು ಕೊನೆಯುಂಟು, ಮರಕ್ಕೆ ಇಲ್ಲ. ಹೀಗೆ ಇಬ್ಬರಿಗೂ ನಷ್ಟ ತಟ್ಟುವುದಿಲ್ಲ.

ಅವಧಿ ಮುಗಿದರೂ ಬಿಡದವರನ್ನು ಹೊಡೆದು ಓಡಿಸಬಹುದೇ? ಕೂಡದು. ನಮ್ಮ ರಾಜ್ಯದಿಂದಲೇ ಹೋದ ರಾಮೇಗೌಡ ಪ್ರಕರಣದಲ್ಲಿ, ನೆಲೆಯೂರಿದ ಸ್ವಾಧೀನವಿರುವವನನ್ನು ನಿಜವಾದ ಮಾಲೀಕನೂ ಕಾನೂನಿನ ಮೂಲಕವೇ ಬಿಡಿಸಬೇಕೆಂದು ಸುಪ್ರೀಂ ಕೋರ್ಟು 2003ರಲ್ಲಿ ಹೇಳಿತು. ಬಲವಂತದಿಂದ ಹೊರಹಾಕಲ್ಪಟ್ಟವನು ಆರು ತಿಂಗಳೊಳಗೆ ದಾವೆ ಹೂಡಿ ಸ್ವಾಧೀನ ಮರಳಿ ಕೇಳಲು 1963ರ ನಿರ್ದಿಷ್ಟ ಪರಿಹಾರ ಕಾಯಿದೆಯಲ್ಲಿ ಅವಕಾಶವಿದೆ. ಪೇಟೆಯ ಮಳಿಗೆಗಳ ವಿಷಯದಲ್ಲೂ ಇದನ್ನು ನೆನಪಿಡಬೇಕು. ಅವಧಿ ಮುಗಿದ ಮೇಲೂ ಮಾಲೀಕರು ಬಾಡಿಗೆ ಪಡೆಯುತ್ತ ಹೋದರೆ ಗೇಣಿ ಮುಂದುವರಿದಂತೆ ಆಗುತ್ತದೆ. ಆಗ ತಿಂಗಳ ಬಾಡಿಗೆದಾರನಿಗೆ 15 ದಿನಗಳ ನೋಟೀಸು ಕೊಟ್ಟೇ ಬಿಡಿಸಬೇಕೆಂಬುದು 1882ರ ಸ್ವತ್ತು ವರ್ಗಾವಣೆ ಕಾಯಿದೆಯ ಸಾಮಾನ್ಯ ನಿಯಮ.

ನಷ್ಟವಾದ ವರ್ಷ

2024ರ ಮಾರ್ಚ್ 11ರಂದು ಬ್ಯಾಡಗಿ ಮಾರುಕಟ್ಟೆಯಲ್ಲಿ ಮೆಣಸಿನಕಾಯಿ ದರ ಕುಸಿದು ರೈತರ ಸಿಟ್ಟು ಬೆಂಕಿಯಾದುದನ್ನು ನಾವು ಬಲ್ಲೆವು. ಅಂತಹ ವರ್ಷ ಸೋತವನಿಗೆ ಹೊಲವನ್ನು ಹಿಡಿದಿಟ್ಟುಕೊಳ್ಳುವ ಹಕ್ಕು ಬರುವುದಿಲ್ಲ. ಆದರೆ ಬಾಕಿ ತೀರಿಸಲು ಅವನಿಗೆ ಸಮಯ ಕೊಡಬೇಕು. ಇಕ್ಕಟ್ಟಿನಲ್ಲಿರುವ ಸಾಲಗಾರನಿಗೆ ಅನುಕೂಲವಾಗುವ ತನಕ ಅವಕಾಶ ಕೊಡಿ, ಬಿಟ್ಟುಬಿಟ್ಟರೆ ಇನ್ನೂ ಉತ್ತಮ ಎಂಬುದು ಕುರ್‌ಆನಿನ (2:280) ಬೋಧನೆ.

ನಮ್ಮ ಆ ಇಬ್ಬರೂ ಕೊನೆಗೆ ಒಪ್ಪಿದರು. ಕಾಯಿ ಬಿಡಿಸಲು ಮೂರು ವಾರ, ಅಷ್ಟು ದಿನದ ಬಾಡಿಗೆ, ಹೊಲ ಬಿಡುವ ದಿನ, ಎಲ್ಲವನ್ನೂ ಇಬ್ಬರು ಸಾಕ್ಷಿಗಳ ಮುಂದೆ ಬರೆದುಕೊಂಡರು. ಮಾತಿನಂತೆ ಹೊಲ ಮರಳಿತು, ಸಲಾಮೂ ಉಳಿಯಿತು. ವಾಯಿದೆಯ ಲೇವಾದೇವಿಯನ್ನು ಬರೆದಿಡಬೇಕೆಂದು ಕುರ್‌ಆನ್ (2:282) ಮೊದಲೇ ಹೇಳಿದೆ. ಆ ಕಾಗದವನ್ನು ಮೂರು ವರ್ಷ ಮುಂಚೆಯೇ ಬರೆದಿದ್ದರೆ ಜಗಳವೇ ಹುಟ್ಟುತ್ತಿರಲಿಲ್ಲ.

ಇನ್ನೊಬ್ಬರ ಹಕ್ಕನ್ನು ಅವರು ಕೇಳುವ ಮೊದಲೇ ಮರಳಿಸುವ ಮನಸ್ಸನ್ನು ಅಲ್ಲಾಹನು ನಮಗೆಲ್ಲ ದಯಪಾಲಿಸಲಿ, ಆಮೀನ್.