ಹುಲಿಗೆ ಉಸಿರು ಬರುವುದು ಕೈಯಿಂದ

ಪ್ರಶ್ನೆ: ನಮ್ಮ ಮಗ ‘ಎಕ್ಸ್‌ವೈಝಡ್ ಶೋ’ ಗೊಂಬೆಗಳನ್ನು ನೋಡಿ, ಪುಣ್ಯಕೋಟಿ ಕಥೆಯ ಕಿರುಚಿತ್ರಕ್ಕೆ ಹುಲಿಯ ತಲೆ ಮಾಡಲು ಹೊರಟಿದ್ದಾನೆ. ಆ ಗೊಂಬೆಗಳಂಥ ಚರ್ಮ ಮನೆಯಲ್ಲಿ ಮಾಡಲು ಆಗುತ್ತದೆಯೇ?
– ಓದುಗರು, ಪಾರ್ಕ್‌ಲ್ಯಾಂಡ್ಸ್, ನೈರೋಬಿ

ಉತ್ತರ: ಖಂಡಿತ ಆಗುತ್ತದೆ. ವ್ಯಂಗ್ಯಚಿತ್ರಕಾರ ಗಾಡೊ ಅವರ ಆ ಟಿ.ವಿ. ಕಾರ್ಯಕ್ರಮ 2009ರಲ್ಲಿ ನಿಮ್ಮ ನೈರೋಬಿಯಲ್ಲೇ ಶುರುವಾಯಿತು. ಫ್ರಾನ್ಸಿನ ಗೊಂಬೆ ವಿಡಂಬನೆ ಅದಕ್ಕೆ ಪ್ರೇರಣೆ. ರಾಜಕಾರಣಿಗಳ ಆ ಮುಖಗಳೆಲ್ಲ ಲೇಟೆಕ್ಸ್, ಅಂದರೆ ರಬ್ಬರ್ ಹಾಲಿನವು.

ಮೊದಲು ಜೇಡಿಮಣ್ಣಿನಲ್ಲಿ ತಲೆ ತಿದ್ದಲಿ. ಅದರ ಮೇಲೆ ಪ್ಲಾಸ್ಟರ್ ಆಫ್ ಪ್ಯಾರಿಸ್‌ನ ಎರಡು ಹೋಳಿನ ಅಚ್ಚು ತೆಗೆಯಬೇಕು. ಒಣಗಿದ ಅಚ್ಚಿಗೆ ಲೇಟೆಕ್ಸ್ ಸುರಿದರೆ ಪ್ಲಾಸ್ಟರ್ ನೀರನ್ನು ಹೀರುತ್ತದೆ. ಕಾಯಿಸಿದ ಹಾಲಿಗೆ ಕೆನೆ ಕಟ್ಟಿದ ಹಾಗೆ ಒಳಮೈಗೆ ಚರ್ಮ ಕಟ್ಟುತ್ತದೆ. ಉಳಿದದ್ದನ್ನು ಬಗ್ಗಿಸಿ, ಪೂರ್ತಿ ಒಣಗಿದ ಮೇಲೆ ಟಾಲ್ಕಂ ಪೌಡರ್ ಸವರುತ್ತಾ ಬಿಡಿಸಿ. ಪೌಡರ್ ಇಲ್ಲದಿದ್ದರೆ ಮಡಿಕೆಗಳು ಒಂದಕ್ಕೊಂದು ಅಂಟಿಕೊಂಡುಬಿಡುತ್ತವೆ. ಲೇಟೆಕ್ಸ್‌ನಲ್ಲಿ ಅಮೋನಿಯಾ ಇರುವುದರಿಂದ ಕಿಟಕಿ ತೆರೆದಿಡಿ. ರಬ್ಬರ್ ಅಲರ್ಜಿ ಇದ್ದವರು ಮುಟ್ಟಬಾರದು. ತಯಾರಾದ ಚರ್ಮವನ್ನು ಬಿಸಿಲಿಗೂ ಎಣ್ಣೆಗೂ ತಾಗಿಸಬೇಡಿ.

ಪ್ರಶ್ನೆ: ತಲೆ ಸಿದ್ಧವಾಗಿದೆ. ಕಣ್ಣಿಗೆ ಎರಡು ಸರ್ವೊ ಮೋಟಾರ್, ಬಾಯಿಗೆ ನನ್ನ ಕೈ. ಆದರೆ ವಿಡಿಯೊದಲ್ಲಿ ಹುಲಿ ಮಾತನ್ನು ಕಚ್ಚಿದಂತೆ ಕಾಣುತ್ತದೆ. ಮೋಟಾರ್ ಹೆಚ್ಚಿಸಲೇ?
– ಅದೇ ಮನೆಯ ಮಗ

ಉತ್ತರ: ಬೇಡ ಮರಿ. ಮೋಟಾರ್ ಹೆಚ್ಚಿದಷ್ಟೂ ಕೆಡುವ ಜಾಗ ಹೆಚ್ಚು. 1993ರ ‘ಜುರಾಸಿಕ್ ಪಾರ್ಕ್’ ಚಿತ್ರೀಕರಣದಲ್ಲಿ ದೈತ್ಯ ಯಾಂತ್ರಿಕ ಡೈನೋಸಾರ್‌ನ ಚರ್ಮ ಮಳೆನೀರು ಕುಡಿದು ಭಾರವಾಗಿ, ಇಡೀ ಯಂತ್ರ ನಡುಗುತ್ತಿತ್ತು. ರೆಪ್ಪೆ ಮುಚ್ಚಲು ನಿನಗೆ ಸೈಕಲ್ಲಿನ ಬ್ರೇಕ್ ವೈರೇ ಸಾಕು.

ತಪ್ಪು ಇರುವುದು ಕೈಯಲ್ಲಿ. ನೀನು ಬಹುಶಃ ಪ್ರತಿ ಅಕ್ಷರಕ್ಕೂ ಬಾಯಿ ಮುಚ್ಚುತ್ತಿದ್ದೀಯ. ನಾಲ್ಕು ಬೆರಳು ಅಲ್ಲಾಡದೆ ಇರಲಿ, ಹೆಬ್ಬೆರಳು ಮಾತ್ರ ಕೆಳಗಿಳಿಯಲಿ. ಮನುಷ್ಯನಿಗೂ ಹುಲಿಗೂ ಅಲ್ಲಾಡುವುದು ಕೆಳದವಡೆ. ಸ್ವರಕ್ಕೆ ತೆರೆ, ಪ, ಬ, ಮ ಬಂದಾಗ ಪೂರ್ತಿ ಮುಚ್ಚು. ಕನ್ನಡಿಯ ಮುಂದೆ ‘ಅಮ್ಮ’ ಅನ್ನಿಸಿ ನೋಡು: ತೆರೆ, ಮುಚ್ಚು, ತೆರೆ. ಕನ್ನಡದ ಮಾತು ಹೆಚ್ಚಾಗಿ ಸ್ವರದಲ್ಲೇ ಮುಗಿಯುತ್ತದೆ, ಅಲ್ಲಿ ಬಾಯಿಯನ್ನು ಪಟ್ಟನೆ ಮುಚ್ಚಬಾರದು. ನಿನ್ನ ಗೆಳೆಯರ ಸ್ವಾಹಿಲಿಯ ‘ಸಿಂಬಾ’ಕ್ಕೂ ಇದೇ ಲೆಕ್ಕ.

ರಜೆಗೆ ಊರಿಗೆ ಬಂದಾಗ ಕುಂದಾಪುರದ ಹತ್ತಿರದ ಉಪ್ಪಿನಕುದ್ರುವಿನ ಯಕ್ಷಗಾನ ಗೊಂಬೆಯಾಟ ನೋಡು. ಮಾತಿಗೆ ಬಾಯಿಯೊಂದೇ ದಾರಿಯಲ್ಲ. ಮರದ ಗೊಂಬೆಯ ತಲೆಯ ಒಂದು ಓರೆಯಿಂದ, ಕೈಯನ್ನು ಒಮ್ಮೆ ಎತ್ತುವುದರಿಂದ ಮಾತು ಅದರದೇ ಅನ್ನಿಸುತ್ತದೆ.

ಪುಣ್ಯಕೋಟಿ ಕೊಟ್ಟ ಮಾತಿಗೆ ತಪ್ಪದೆ ಮರಳಿ ಬಂದು ನಿಂತಾಗ ಹುಲಿಯನ್ನು ಮಾತಾಡಿಸಲು ಅವಸರಪಡಬೇಡ. ಮೊದಲು ಕಣ್ಣು ಅವಳತ್ತ ತಿರುಗಲಿ, ಆಮೇಲೆ ತಲೆ. ಮಣಿಕಟ್ಟನ್ನು ನಿಧಾನ ಏರಿಸಿ ಒಂದು ಉಸಿರು ಎಳೆಸು, ಹಾಗೇ ಹಿಡಿದಿಡು. ರೆಪ್ಪೆ ಅರ್ಧ ಇಳಿಯಲಿ. ಆ ಹುಲಿಯ ಮನಸ್ಸು ಕರಗಿದ್ದು ನೋಡುವವರಿಗೆ ಅಲ್ಲೇ ಗೊತ್ತಾಗುತ್ತದೆ.