ತುದಿ ನೋಡಿ ತೇಗವನ್ನು ಗುರುತಿಸುವುದು

ಬಾಗಿಲ ಚೌಕಟ್ಟಿಗೆ ಮರ ಕೊಳ್ಳುವ ರೈತ ಬಾಂಧವರು ಹಲಗೆಯ ಬಣ್ಣವನ್ನೇ ನಂಬಿ ಮೋಸಹೋಗುವುದುಂಟು. ಬಣ್ಣವನ್ನು ಬಳಿಯಬಹುದು, ಮರದ ಒಳರಚನೆಯನ್ನು ಬದಲಿಸಲಾಗದು. ಆದುದರಿಂದ ತುದಿಯನ್ನು ನೋಡಿರೆಂದು ನಾವು ಹೇಳುತ್ತೇವೆ.

ಅಡ್ಡಕೊಯ್ದ ತುದಿಯನ್ನು ಹರಿತವಾದ ಉಳಿಯಿಂದ ನುಣ್ಣಗೆ ಮಾಡಿ, ತುಸು ನೀರು ಸವರಿ, ಭೂತಗನ್ನಡಿಯಲ್ಲಿ ನೋಡತಕ್ಕದ್ದು. ಕಾಣುವ ತೂತುಗಳು ಬೇರಿನಿಂದ ನೀರೇರಿದ ನಾಳಗಳ ಬಾಯಿಗಳು. ಅಗಲ ಎಲೆಯ ಮರಗಳಿಗೆಲ್ಲ ಸಾಮಾನ್ಯವಾಗಿ ಇವು ಉಂಟು. (ಶಾಸ್ತ್ರಜ್ಞರು ಇವನ್ನೆಲ್ಲ ‘ಗಟ್ಟಿಮರ’ವೆನ್ನುವರು, ಮೆತ್ತಗಿನ ಬೂರುಗವೂ ಆ ಗುಂಪಿನದೇ!) ತೇಗವು ಬೇಸಗೆಯಲ್ಲಿ ಎಲೆ ಉದುರಿಸಿ, ಮತ್ತೆ ಬೆಳೆಯತೊಡಗಿದಾಗ ಮೊದಲು ದೊಡ್ಡ ನಾಳಗಳನ್ನು ಕಟ್ಟುತ್ತದೆ, ಆಮೇಲೆ ಸಣ್ಣವನ್ನು. ಹೀಗಾಗಿ ಪ್ರತಿ ವರ್ಷದ ಬಳೆಯ ಆರಂಭದಲ್ಲಿ ದೊಡ್ಡ ತೂತುಗಳು ಸರ ಪೋಣಿಸಿದಂತೆ ಸಾಲಾಗಿರುವುವು. ಹಲಸಿನಲ್ಲಾದರೋ ಅವು ಎಲ್ಲೆಡೆ ಚೆದುರಿರುವುವು.

ಹೊನ್ನೆಯಲ್ಲಿ ಕೆಲವೊಮ್ಮೆ ಸಾಲಿನ ಹೋಲಿಕೆ ಕಂಡು ಸಂಶಯ ಬರಬಹುದು. ಆಗ ಅದರ ಚೇಗಿನ ಒಂದು ಚಕ್ಕೆಯನ್ನು ಗಾಜಿನ ಲೋಟದ ತಿಳಿನೀರಿನಲ್ಲಿ ನೆನೆಹಾಕಿ ಬಿಸಿಲಿಗೆ ಹಿಡಿಯಿರಿ; ಹೊನ್ನೆಯಾದರೆ ನೀರು ನೀಲಿ ಹೊಳಪು ತೋರುವುದು. ತೇಗಕ್ಕೆ ಹಳೆಯ ತೊಗಲಿನ ವಾಸನೆ, ಮುಟ್ಟಿದರೆ ಎಣ್ಣೆಯ ಜಿಡ್ಡು. ಹೊನ್ನೆಯೂ ಒಳ್ಳೆಯ ಮರವೇ. ಆದರೆ ಹೊನ್ನೆಗೆ ತೇಗದ ಬೆಲೆ ಏಕೆ ತೆರಬೇಕು?

ತೇಗವೆಂದು ಖಾತ್ರಿಯಾದರೂ ಹೊರಸುತ್ತಿನ ಬಿಳಿ ಭಾಗ ಎಷ್ಟಿದೆಯೆಂದು ನೋಡಬೇಕು. ಗೆದ್ದಲನ್ನು ತಡೆಯುವ ಗುಣ ಚೇಗಿನದು, ಬಿಳಿಯದಲ್ಲ. ಎಳೆಯ ಮರದಲ್ಲಿ ಬಿಳಿಯ ಪಾಲು ಹೆಚ್ಚು. ಚೌಕಟ್ಟಿನ ನೆಲ ಮುಟ್ಟುವ ತುದಿಗೆ ಬಿಳಿ ಭಾಗ ಬಾರದಂತೆ ಬಡಗಿಗೆ ಮೊದಲೇ ಹೇಳಿಡಿರಿ.